ಜೋನ್ ಅಥವಾ ಏರಿಯಾ ಎಕ್ಸ್: ಮೊದಲು ಯಾವುದಕ್ಕೆ ಕಾಲಿಡಬೇಕು?

ಲೋಕದ ನಿಯಮಗಳೇ ಕೈಕೊಡುವ ಗಡಿನಾಡಿನ ಕಥೆ ಓದಬೇಕು, ಆದರೆ ಎಲ್ಲಿಂದ ಶುರು ಮಾಡೋದು ಅಂತ ಯೋಚಿಸುತ್ತಿದ್ದೀರಾ? ನನ್ನ ಪ್ರಕಾರ ಎರಡು ಒಳ್ಳೆಯ ಬಾಗಿಲುಗಳಿವೆ.

ಸ್ಟ್ರುಗಾಟ್ಸ್ಕಿ ಸೋದರರ ‘ರೋಡ್‌ಸೈಡ್ ಪಿಕ್ನಿಕ್’ 1972ರ ರಷ್ಯನ್ ಕಾದಂಬರಿ. ಅನ್ಯಲೋಕದವರು ಬಂದು ಹೋದ ಜಾಗವೇ ಜೋನ್. ಅಲ್ಲಿಗೆ ಕದ್ದು ನುಗ್ಗಿ, ಸಿಕ್ಕಿದ್ದನ್ನು ತಂದು ಮಾರುವವರ ಕಥೆ ಇದು. ಹೆಜ್ಜೆ ಇಡುವ ಮೊದಲು ಮುಂದಕ್ಕೊಂದು ಕಬ್ಬಿಣದ ನಟ್ ಎಸೆಯುತ್ತಾರೆ. ನೆಟ್ಟಗೆ ಹೋಗಿ ಬಿದ್ದರೆ ಸರಿ. ದಾರಿ ತಪ್ಪಿ ಸಟ್ಟನೆ ನೆಲಕ್ಕೆ ಅಪ್ಪಳಿಸಿತೋ, ಅಲ್ಲಿ ಗುರುತ್ವವೇ ಬೇರೆ; ಕಾಲಿಟ್ಟವರು ಉಳಿಯೋದಿಲ್ಲ. ಇಂಥ ಜಾಗದ ಪಕ್ಕದಲ್ಲೂ ಹೊಟ್ಟೆಪಾಡು, ಹೆಂಡತಿ, ಮಗಳ ಚಿಂತೆ ಬಿಡೋದಿಲ್ಲ. ನನಗೆ ಇದು ಜಾಸ್ತಿ ಇಷ್ಟವಾಗೋದು ಅದಕ್ಕೇ.

ಜೆಫ್ ವ್ಯಾಂಡರ್‌ಮೀರ್ ಅವರ ‘ಅನೈಹಿಲೇಷನ್’ (2014) ಹೆದರಿಸುವ ರೀತಿಯೇ ಬೇರೆ. ಇದರಲ್ಲಿ ಬರುವ ವಿಚಿತ್ರ ಜಾಗ ಏರಿಯಾ ಎಕ್ಸ್. ಅದಕ್ಕೆ ಪ್ರೇರಣೆ ಫ್ಲಾರಿಡಾದ ಸೇಂಟ್ ಮಾರ್ಕ್ಸ್ ವನ್ಯಧಾಮ, ಹಾಗಾಗಿ ಜೌಗು, ಹುಲ್ಲು, ಕಡಲು ಎಲ್ಲ ನಿಜವೆನಿಸುತ್ತವೆ. ಪಾತ್ರಗಳಿಗೆ ಹೆಸರೇ ಇಲ್ಲ. ನೆಲದೊಳಗೆ ಇಳಿಯುವ ಗೋಪುರದ ಗೋಡೆಯಲ್ಲಿ ಶಿಲೀಂಧ್ರದಂಥ ಜೀವಂತ ಅಕ್ಷರಗಳು ಬೆಳೆದಿವೆ. ಓದಲು ಬಗ್ಗಿದ, ಕಥೆ ಹೇಳುವ ಜೀವಶಾಸ್ತ್ರಜ್ಞೆಯ ಮೂಗಿಗೆ ಬೀಜಕಗಳು ಸೇರುತ್ತವೆ. ಆಮೇಲೆ ಅವಳು ಹೇಳಿದ್ದನ್ನು ನಂಬೋದು ಹೇಗೆ, ಅಲ್ವಾ?

ಮನುಷ್ಯರ ಕಥೆ ಬೇಕಾದರೆ ಜೋನ್. ಮನಸ್ಸೇ ಕರಗುವ ಅನುಭವ ಬೇಕಾದರೆ ಏರಿಯಾ ಎಕ್ಸ್. ತಾರ್ಕೋವ್ಸ್ಕಿಯ ‘ಸ್ಟಾಕರ್’ (1979) ಸಿನಿಮಾಕ್ಕೆ ಮೂಲ ಮೊದಲನೆಯ ಕಾದಂಬರಿಯೇ, ಆದರೆ ಸಿನಿಮಾ ತುಂಬಾ ನಿಧಾನ. ಕಾದಂಬರಿ ಮುಗಿಸಿಯೇ ಅದನ್ನು ನೋಡಿ.