ನಾಫ್ಲಿಯೊ: ಹಾಸನದ ಸಂಸ್ಥೆಯೊಂದರ ಗ್ರೀಸ್ ಪ್ರವಾಸದ ವಿಮರ್ಶೆ

ಹಾಸನದ ಪ್ರವಾಸ ಸಂಸ್ಥೆಯೊಂದು ಏರ್ಪಡಿಸಿದ್ದ ಗ್ರೀಸ್ ಪ್ರವಾಸದಲ್ಲಿ ಹೆಚ್ಚು ತೃಪ್ತಿ ನೀಡಿದ್ದು ಆರ್ಗೊಲಿಕ್ ಕೊಲ್ಲಿಯ ದಂಡೆಯಲ್ಲಿರುವ ನಾಫ್ಲಿಯೊ ಎಂಬ ಪುಟ್ಟ ಪಟ್ಟಣ. ಪ್ರಾಚೀನ ಕಾಲದಲ್ಲಿ ಆರ್ಗೋಸ್ ಎಂಬ ನಗರದ ಬಂದರಾಗಿದ್ದ ಈ ಊರು ಮುಂದೆ ವೆನಿಸ್‌ನವರ ಹಾಗೂ ಆಟೊಮನ್ ತುರ್ಕರ ವಶಕ್ಕೆ ಸರದಿಯಂತೆ ಹೋಗಿ, 1834ರಲ್ಲಿ ಅಥೆನ್ಸ್‌ಗೆ ಆ ಪಟ್ಟ ಸಲ್ಲುವವರೆಗೆ ಸ್ವತಂತ್ರ ಗ್ರೀಸಿನ ರಾಜಧಾನಿಯಾಗಿದ್ದುದನ್ನು ಮಾರ್ಗದರ್ಶಿಯವರು ಕನ್ನಡದಲ್ಲಿಯೇ ಸಾವಧಾನವಾಗಿ ವಿವರಿಸಿದರು. (ಹಳೇಬೀಡನ್ನು ಬಲ್ಲ ನಮಗೆ ರಾಜಧಾನಿಯ ಪಟ್ಟ ಕಳೆದುಕೊಂಡ ಊರಿನ ಕಥೆ ಹೊಸದೇನಲ್ಲ.) ವೆನಿಸ್‌ನವರು 1711ರಿಂದ 1714ರ ನಡುವೆ ಬೆಟ್ಟದ ಮೇಲೆ ಕಟ್ಟಿದ ಪಲಮಿಡಿ ಕೋಟೆಗೆ ಮೆಟ್ಟಿಲುಗಳಲ್ಲದೆ ವಾಹನದ ರಸ್ತೆಯೂ ಇರುವುದರಿಂದ ಹಿರಿಯರಿಗೆ ಕಷ್ಟವಾಗಲಿಲ್ಲ. ಊಟದ ವ್ಯವಸ್ಥೆ ಸಾಧಾರಣ. ಆದರೆ ದೇಶದ ಮೊದಲ ಆಡಳಿತ ಮುಖ್ಯಸ್ಥ ಕಪೊಡಿಸ್ಟ್ರಿಯಾಸ್ 1831ರಲ್ಲಿ ಹತ್ಯೆಗೀಡಾದ ಸಂತ ಸ್ಪಿರಿಡಾನ್ ಚರ್ಚನ್ನು ಆತುರದಲ್ಲಿ ತೋರಿಸಿ, ಉಳಿದ ಸಮಯವನ್ನೆಲ್ಲ ಅಂಗಡಿ ಬೀದಿಗೆ ಮೀಸಲಿಟ್ಟದ್ದು ಸಮರ್ಥನೀಯವಲ್ಲ.