ಎಫ್‌ಐಆರ್ ರದ್ದತಿಯೋ, ನಿರೀಕ್ಷಣಾ ಜಾಮೀನೋ, ಡಿಸ್ಚಾರ್ಜೋ?

ಅಣ್ಣನ ಮೇಲೆ ಎಫ್‌ಐಆರ್ ಆಗಿದೆ, ತನಿಖೆ ನಿಲ್ಲಿಸೋಕೆ ಹೈಕೋರ್ಟಿಗೆ ಹೋಗ್ಬೇಕಾ ಅಂತ ಕೇಳಿದ್ದೀರಿ. ಮೊದಲು ಎಫ್‌ಐಆರ್ ಪ್ರತಿ ತೆಗೆದುಕೊಂಡು ಎರಡು ಸಲ ಓದಿ. ಬರೆದಿದ್ದೆಲ್ಲ ನಿಜ ಅಂತಲೇ ಇಟ್ಟುಕೊಳ್ಳಿ. ಆಗಲೂ ಅಪರಾಧ ಕಾಣುತ್ತಿಲ್ಲವಾ? ಉದಾಹರಣೆಗೆ, ಕೈಸಾಲ ತೀರಿಸಿಲ್ಲ ಅಂತ ವಂಚನೆ ಕೇಸು ಹಾಕಿದ್ದಾರೆ, ಆದರೆ ಸಾಲ ಪಡೆಯುವಾಗಲೇ ಮೋಸದ ಉದ್ದೇಶವಿತ್ತು ಅಂತ ಎಲ್ಲೂ ಬರೆದಿಲ್ಲ. ಇಂಥ ಕಡೆ ರದ್ದತಿ ಅರ್ಜಿಗೆ, ಅಂದರೆ ಎಫ್‌ಐಆರನ್ನೇ ರದ್ದು ಮಾಡಿ ಅಂತ ಹೈಕೋರ್ಟನ್ನು ಕೇಳುವ ಅರ್ಜಿಗೆ, ಬಲವಿದೆ. ಇದು ಬಿಎನ್‌ಎಸ್‌ಎಸ್ (ಕ್ರಿಮಿನಲ್ ಕೇಸು ನಡೆಸುವ ವಿಧಾನದ ಹೊಸ ಕಾನೂನು) 528ನೇ ಕಲಂ, ಅದಕ್ಕೂ ಮೊದಲಿದ್ದ ಹಳೆಯ ಕಾನೂನು ಸಿಆರ್‌ಪಿಸಿಯ 482. ಹೊಸ ಕಾನೂನಿನ 482 ಅಂದರೆ ನಿರೀಕ್ಷಣಾ ಜಾಮೀನು (ಬಂಧನಕ್ಕೆ ಮೊದಲೇ ಪಡೆಯುವ ಜಾಮೀನು), ಗೊಂದಲ ಬೇಡ.

"ನಾನು ಮಾಡಿಲ್ಲ, ಸಾಕ್ಷಿ ಇದೆ" ಅನ್ನೋ ವಾದಕ್ಕೆ ರದ್ದತಿ ಅರ್ಜಿಯಲ್ಲಿ ಜಾಗ ಕಡಿಮೆ. ಶುರುವಲ್ಲೇ ತನಿಖೆ ತಡೆಯುವುದು ಅಪರೂಪವಾಗಿರಬೇಕು ಅಂತ ಸುಪ್ರೀಂ ಕೋರ್ಟ್ 2021ರ ನಿಹಾರಿಕಾ ತೀರ್ಪಿನಲ್ಲಿ ಹೇಳಿದೆ.

ಖರ್ಚು ನೋಡಿ. ಹೈಕೋರ್ಟ್ ಇರೋದು ಬೆಂಗಳೂರು, ಧಾರವಾಡ, ಕಲಬುರಗಿಯಲ್ಲಿ. ಫೀಸು, ಓಡಾಟ ಎರಡೂ ಜಾಸ್ತಿ. ನಿರೀಕ್ಷಣಾ ಜಾಮೀನನ್ನು ನಿಮ್ಮ ಜಿಲ್ಲೆಯ ಸೆಷನ್ಸ್ ಕೋರ್ಟಿನಲ್ಲೇ ಕೇಳಬಹುದು. ರಾತ್ರಿ ಬಾಗಿಲು ತಟ್ಟಿದರೆ ಎದೆ ಧಸಕ್ ಅನ್ನುವ ಸ್ಥಿತಿಯಿದ್ದರೆ ಇದೇ ಮೊದಲು ಮಾಡಬೇಕಾದ ಕೆಲಸ. ರದ್ದತಿ ಅರ್ಜಿ ಸುಮ್ನೆ ಹಾಕಿದ ಮಾತ್ರಕ್ಕೆ ಬಂಧನ ನಿಲ್ಲಲ್ಲ, ಕೋರ್ಟ್ ಆದೇಶ ಬೇಕು. ಜಾಮೀನು ಸಿಕ್ಕರೂ ಕೇಸು ನಡೆಯುತ್ತಲೇ ಇರುತ್ತದೆ, ಅದೂ ತಿಳಿದಿರಲಿ.

ಡಿಸ್ಚಾರ್ಜ್ ಅರ್ಜಿ ಅಂದರೆ ವಿಚಾರಣೆಗೆ ಮೊದಲೇ ಆರೋಪದಿಂದ ಕೈಬಿಡಿ ಅಂತ ಕೇಳುವುದು, ಅದು ಚಾರ್ಜ್‌ಶೀಟ್ (ತನಿಖೆ ಮುಗಿಸಿ ಪೊಲೀಸರು ಕೋರ್ಟಿಗೆ ಕೊಡುವ ಆರೋಪಪಟ್ಟಿ) ಬಂದ ಮೇಲಿನದು. ಪೊಲೀಸರ ಸಾಕ್ಷ್ಯವೇ ಸೊರಗಿದ್ದರೆ ಕಾದು ನೋಡುವುದು ಒಳ್ಳೆಯದು. ಹೊಸ ಕಾನೂನಿನಲ್ಲಿ ಇದಕ್ಕೆ 60 ದಿನಗಳ ಗಡುವಿದೆ, ತಪ್ಪಿಸಬೇಡಿ.

ದೂರು ಕೊಟ್ಟವರು ರಾಜಿಗೆ ಒಪ್ಪಿದರೆ ಮಾತ್ರ ಲೆಕ್ಕವೇ ಬೇರೆ. ಸಂಸಾರದ ಜಗಳ, ವ್ಯವಹಾರದ ತಕರಾರು ಆಗಿದ್ದರೆ ಹೈಕೋರ್ಟೇ ಸರಿ. ಕೊಲೆ, ಅತ್ಯಾಚಾರದಂಥ ಕೇಸಿಗೆ ರಾಜಿ ನಡೆಯಲ್ಲ.