ಲೀತ್ ಆಮೆಯೋ, ಕ್ಯಾಂಟರ್ ಆಮೆಯೋ?

ಕಾಲೇಜು ಪ್ರಾಜೆಕ್ಟ್‌ನಲ್ಲಿ ಅಧ್ಯಯನ ಮಾಡಲು ಲೀತ್, ಕ್ಯಾಂಟರ್ ಎಂಬ ಎರಡು ಮೆದು ಚಿಪ್ಪಿನ ಆಮೆಗಳಲ್ಲಿ ಯಾವುದನ್ನು ಆರಿಸಲಿ ಅಂತೀರಾ? ಎರಡೂ ಅಳಿವಿನ ಅಂಚಿನಲ್ಲಿವೆ.

ಕ್ಯಾಂಟರ್ ಆಮೆಯ ನೆಲೆ ದೊಡ್ಡದು. ಭಾರತದಿಂದ ಚೀನಾ, ಫಿಲಿಪೈನ್ಸ್‌ವರೆಗೂ ಇದೆ. ನಮಗೆ ಹತ್ತಿರದ ಜಾಗ ಕಾಸರಗೋಡಿನ ಚಂದ್ರಗಿರಿ ಹೊಳೆ. ಮೈಯೆಲ್ಲ ಮರಳಲ್ಲಿ ಹೂತು, ಮೂತಿ, ಕಣ್ಣು ಮಾತ್ರ ಹೊರಗಿಟ್ಟು ಮೀನಿಗಾಗಿ ಕಾಯುತ್ತದೆ. ಉಸಿರಾಡಲು ಮೇಲೆ ಬರುವುದೂ ಅಪರೂಪ. ಗಂಟೆಗಟ್ಟಲೆ ಕೂತರೂ ಕಾಣದಿರಬಹುದು. ಅಲ್ಲಿನ ಮೀನುಗಾರರನ್ನು ಕೇಳುವುದೇ ಒಳ್ಳೆಯ ದಾರಿ.

ಲೀತ್ ಆಮೆ ಕೃಷ್ಣಾ, ಗೋದಾವರಿ, ಕಾವೇರಿ ಸೀಮೆಯದು. ಮರಿಯ ಬೆನ್ನ ಮೇಲೆ ಕಣ್ಣಿನಂಥ ಗುಂಡು ಗುರುತುಗಳಿರುತ್ತವೆ, ಬೆಳೆದಂತೆ ಮಾಸುತ್ತವೆ.

ನಾನಾದರೆ ಲೀತ್ ಆಮೆಯನ್ನೇ ಆರಿಸುತ್ತೇನೆ. ಭಾರತದ ನೀರು ಬಿಟ್ಟರೆ ಅದಕ್ಕೆ ಬೇರೆ ಮನೆಯೇ ಇಲ್ಲ, ಅಲ್ವಾ? ಹೊಳೆಗಿಳಿಯುವ ಮುಂಚೆ ಅರಣ್ಯ ಇಲಾಖೆಯ ಅನುಮತಿ ತಗೊಳ್ಳಿ.